ಮೂಕಿ ಯುಗದ ಯುದ್ಧಚಿತ್ರಗಳಲ್ಲಿ ನಿಜ ಕಾಳಗವನ್ನು ಗುರುತಿಸುವುದು ಹೇಗೆ?

ಹಳೆಯ ಕಪ್ಪುಬಿಳುಪು ಚಿತ್ರದ ತುಣುಕೊಂದನ್ನು ಕಳುಹಿಸಿ, “ಇದು ನಿಜವಾಗಿಯೂ ರಣರಂಗದಲ್ಲಿ ತೆಗೆದದ್ದೇ, ಇಲ್ಲ ಯಾರೋ ನಟಿಸಿದ್ದೇ?” ಎಂದು ಕೇಳುವ ಓದುಗರು ಕಡಿಮೆಯೇನಿಲ್ಲ. ಪ್ರತಿಯೊಬ್ಬರಿಗೂ ಬಿಡಿಬಿಡಿಯಾಗಿ ಉತ್ತರಿಸುವುದಕ್ಕಿಂತ, ನೀವೇ ಕುಳಿತು ಪರೀಕ್ಷಿಸಿಕೊಳ್ಳುವ ಕ್ರಮವನ್ನು ಬರೆದಿಡುವುದು ಮೇಲು ಎನಿಸಿತು. ಈ ಕ್ರಮವು ಮುಖ್ಯವಾಗಿ 1897ರಿಂದ 1918ರವರೆಗಿನ ಚಿತ್ರಗಳಿಗೆ ಹೊಂದುತ್ತದೆ. ಉದಾಹರಣೆಗೆಂದು ನಾನು ಮತ್ತೆ ಮತ್ತೆ ಹಿಂತಿರುಗುವುದು ಮೊದಲನೆಯ ಮಹಾಯುದ್ಧವನ್ನು ಕುರಿತ ‘ದಿ ಬ್ಯಾಟಲ್ ಆಫ್ ದ ಸೊಮ್’ ಎಂಬ 1916ರ ಬ್ರಿಟಿಷ್ ಚಿತ್ರಕ್ಕೆ. ನಿಜ ದೃಶ್ಯಗಳೂ ಹೂಡಿದ ದೃಶ್ಯಗಳೂ ಒಂದೇ ಚಿತ್ರದಲ್ಲಿ ಅಕ್ಕಪಕ್ಕದಲ್ಲಿ ಸಿಗುವುದರಿಂದ ಕಣ್ಣು ಪಳಗಿಸಿಕೊಳ್ಳಲು ಇದಕ್ಕಿಂತ ಒಳ್ಳೆಯ ಪಾಠ ಇನ್ನೊಂದಿಲ್ಲ.

ಬೇಕಾಗುವ ಸಾಮಗ್ರಿ

ಮೊದಲನೆಯದಾಗಿ, ನಂಬಬಹುದಾದ ಪ್ರತಿ ಬೇಕು. ಲಂಡನ್ನಿನ ಇಂಪೀರಿಯಲ್ ವಾರ್ ಮ್ಯೂಸಿಯಂ, ವಾಷಿಂಗ್ಟನ್ನಿನ ಲೈಬ್ರರಿ ಆಫ್ ಕಾಂಗ್ರೆಸ್, ಯುರೋಪಿನ ಹಲವು ಸಂಗ್ರಹಾಗಾರಗಳ ಚಿತ್ರಗಳನ್ನು ಒಂದೆಡೆ ಸೇರಿಸಿರುವ ಯುರೋಪಿಯನ್ ಫಿಲ್ಮ್ ಗೇಟ್‌ವೇ, ಈ ಮೂರೂ ತಮ್ಮ ಸಂಗ್ರಹದ ಅನೇಕ ಚಿತ್ರಗಳನ್ನು ಅಂತರ್ಜಾಲದಲ್ಲಿ ಉಚಿತವಾಗಿ ತೋರಿಸುತ್ತವೆ. ಎರಡನೆಯದಾಗಿ, ಚಿತ್ರವನ್ನು ನಿಧಾನಗೊಳಿಸುವ ಹಾಗೂ ಒಂದೊಂದೇ ಚೌಕಟ್ಟನ್ನು ಮುಂದೂಡುವ ಸೌಲಭ್ಯ ಬೇಕು. ಚೌಕಟ್ಟು ಎಂದರೆ ಫಿಲ್ಮ್ ಪಟ್ಟಿಯ ಮೇಲಿನ ಒಂದು ಬಿಡಿಚಿತ್ರ, ಅಂದರೆ ಫ್ರೇಮು. ಕಂಪ್ಯೂಟರಿನ ವಿಎಲ್‌ಸಿ ತಂತ್ರಾಂಶದಲ್ಲಿ ‘ಇ’ ಕೀಲಿಯನ್ನು ಒತ್ತಿದರೆ ಫ್ರೇಮುಗಳು ಒಂದೊಂದಾಗಿ ಸರಿಯುತ್ತವೆ. ಯೂಟ್ಯೂಬಿನಲ್ಲಿ ಚಿತ್ರವನ್ನು ನಿಲ್ಲಿಸಿ ಪೂರ್ಣವಿರಾಮದ ಕೀಲಿಯನ್ನು ಒತ್ತಬೇಕು. ಇದಲ್ಲದೆ ಒಂದು ನೋಟ್‌ಪುಸ್ತಕವಿರಲಿ. ಕೈಫೋನಿನ ಪುಟ್ಟ ಪರದೆಯ ಮೇಲೆ ಈ ಕೆಲಸ ಆಗುವುದಿಲ್ಲ.

1. ಮೊದಲು ಪ್ರತಿಯನ್ನು ಪರೀಕ್ಷಿಸಿ

ನಿಮ್ಮ ಮುಂದಿರುವ ತುಣುಕು ಮೂಲಚಿತ್ರದ ಪ್ರತಿಯೇ ಅಥವಾ ಅದರಿಂದ ಇನ್ನಾರೋ ಕತ್ತರಿಸಿ ಜೋಡಿಸಿದ್ದೇ ಎಂಬುದನ್ನು ಮೊದಲು ತಿಳಿಯಬೇಕು. ಮುಖ್ಯ ಸೂಚನೆಗಳು ಎರಡು. ತುಣುಕಿನಲ್ಲಿ ಗುಂಡಿನ ಸದ್ದು, ಕೂಗಾಟ, ಮಾತುಗಳು ಕೇಳಿಬಂದರೆ ಅವೆಲ್ಲ ಅನಂತರ ಸೇರಿಸಿದವು, ಏಕೆಂದರೆ ಅಂದಿನ ಯುದ್ಧರಂಗದ ಕ್ಯಾಮೆರಾಗಳಿಗೆ ಧ್ವನಿ ಹಿಡಿಯುವ ಏರ್ಪಾಡೇ ಇರಲಿಲ್ಲ. ಹಾಗೆಯೇ ಹುಲ್ಲು ಹಸಿರಾಗಿ, ಮುಖ ಕೆಂಪಾಗಿ ಸಹಜ ಬಣ್ಣದಲ್ಲಿ ಕಂಡರೆ ಅದು ಬಹುಮಟ್ಟಿಗೆ ಕಂಪ್ಯೂಟರಿನ ಕೈಚಳಕ. ನಿರ್ದೇಶಕ ಪೀಟರ್ ಜ್ಯಾಕ್ಸನ್ 2018ರಲ್ಲಿ ‘ದೇ ಶ್ಯಾಲ್ ನಾಟ್ ಗ್ರೋ ಓಲ್ಡ್’ ಚಿತ್ರಕ್ಕಾಗಿ ಇಂಪೀರಿಯಲ್ ವಾರ್ ಮ್ಯೂಸಿಯಂನ ಹಳೆಯ ಪಟ್ಟಿಗಳಿಗೆ ಬಣ್ಣ ತುಂಬಿದರು, ವೇಗ ತಿದ್ದಿದರು, ತುಟಿಚಲನೆ ಓದಬಲ್ಲವರ ನೆರವು ಪಡೆದು ಮಾತು ಕೂಡಿಸಿದರು. ನೋಡಲು ಅದು ಸೊಗಸು. ಪರೀಕ್ಷೆಗೆ ಮಾತ್ರ ಒದಗದು, ಏಕೆಂದರೆ ಅಲ್ಲಿ ಬೇರೆ ಬೇರೆ ವರ್ಷದ, ಬೇರೆ ಬೇರೆ ಊರಿನ ತುಣುಕುಗಳು ಒಂದೇ ಕಥೆಯಾಗಿ ಹೆಣೆದುಕೊಂಡಿವೆ.

ಎಚ್ಚರಿಕೆ: ಇಡೀ ದೃಶ್ಯ ನೀಲಿಯಾಗಿಯೋ ಕೆಂಪಾಗಿಯೋ ಇದ್ದರೆ ಅದನ್ನು ಇಂದಿನ ತಿದ್ದುಪಡಿ ಎಂದು ತಳ್ಳಿಹಾಕಬೇಡಿ. ರಾತ್ರಿಯ ದೃಶ್ಯಕ್ಕೆ ನೀಲಿ, ಬೆಂಕಿಯ ದೃಶ್ಯಕ್ಕೆ ಕೆಂಪು ಎಂದು ಪ್ರದರ್ಶನದ ಪ್ರತಿಯನ್ನು ಬಣ್ಣದ ದ್ರಾವಣದಲ್ಲಿ ಅದ್ದುವುದು ಅಂದಿನ ವಾಡಿಕೆಯಾಗಿತ್ತು.

2. ವೇಗವನ್ನು ಸರಿಪಡಿಸಿ

ಮೂಕಿ ಚಿತ್ರದ ಸೈನಿಕರು ತುರುತುರು ಓಡುವ ಗೊಂಬೆಗಳಂತೆ ಕಾಣುವುದಕ್ಕೆ ಕಾರಣ ಅವರಲ್ಲ, ನಮ್ಮ ಯಂತ್ರ. ಆ ಕಾಲದ ಬಹುಪಾಲು ಕ್ಯಾಮೆರಾಗಳನ್ನು ಕೈಯಿಂದ ಹಿಡಿ ತಿರುಗಿಸಿಯೇ ನಡೆಸಬೇಕಾಗಿತ್ತು. ಒಂದು ಸುತ್ತಿಗೆ 8 ಫ್ರೇಮು, ಸೆಕೆಂಡಿಗೆ ಎರಡು ಸುತ್ತು, ಒಟ್ಟು 16 ಫ್ರೇಮು ಎಂಬುದು ಸಾಮಾನ್ಯ ಲೆಕ್ಕ. ವಾಕ್ಚಿತ್ರಗಳು ಬಂದ ಮೇಲೆ ಸೆಕೆಂಡಿಗೆ 24 ಫ್ರೇಮು ಎಂಬ ಕಟ್ಟಳೆಯಾಯಿತು. 16ರ ವೇಗದಲ್ಲಿ ತೆಗೆದದ್ದನ್ನು 24ರ ವೇಗದಲ್ಲಿ ಓಡಿಸಿದರೆ ಎಲ್ಲವೂ ಒಂದೂವರೆ ಪಟ್ಟು ಚುರುಕಾಗುತ್ತದೆ. 1000 ಅಡಿಯ ಒಂದು ರೀಲು 16 ನಿಮಿಷ 40 ಸೆಕೆಂಡು ಓಡುವ ಬದಲು ಹನ್ನೊಂದು ನಿಮಿಷ ಚಿಲ್ಲರೆಯಲ್ಲಿ ಮುಗಿದುಹೋಗುತ್ತದೆ.

ಅಳೆಯುವುದು ಸುಲಭ. ಸೈನಿಕರು ಸಾಲಾಗಿ ಕವಾಯತು ನಡಿಗೆಯಲ್ಲಿ ಸಾಗುವ ದೃಶ್ಯವೊಂದನ್ನು ಹುಡುಕಿ ಹೆಜ್ಜೆ ಎಣಿಸಿ. ಬ್ರಿಟಿಷ್ ಪದಾತಿದಳದ ಸಾಮಾನ್ಯ ಕವಾಯತು ನಿಮಿಷಕ್ಕೆ ಸುಮಾರು 120 ಹೆಜ್ಜೆ. ನಿಮ್ಮ ಎಣಿಕೆ 180ರ ಹತ್ತಿರ ಬಂದರೆ ಆ ಪ್ರತಿಯ ವೇಗ ತಿದ್ದಿಲ್ಲವೆಂದು ಅರ್ಥ. ಆಗ ವಿಎಲ್‌ಸಿಯಲ್ಲಿ ವೇಗವನ್ನು 0.67ಕ್ಕೆ ಇಳಿಸಿ, ಯೂಟ್ಯೂಬಿನಲ್ಲಾದರೆ ಅದಕ್ಕೆ ಅತಿ ಹತ್ತಿರದ ವೇಗ ಆರಿಸಿ. ರೈಫಲ್ ಪಡೆಗಳ ನಡಿಗೆ ಮೊದಲೇ ಚುರುಕು, ಆದ್ದರಿಂದ ಒಂದೇ ದೃಶ್ಯವನ್ನು ನೆಚ್ಚಿಕೊಳ್ಳದೆ ಎರಡು ಮೂರು ಕಡೆ ಎಣಿಸಿ ನೋಡಿ. ಈ ಹಂತವನ್ನು ಬಿಟ್ಟು ಮುಂದೆ ಹೋದವರು, ಗಾಯಾಳುವನ್ನು ಹೊತ್ತು ತರುವವನ ಓಟವನ್ನು ಕಂಡು “ಇಷ್ಟು ಲಗುಬಗೆಯಲ್ಲಿ ಯಾರು ಹೊರುತ್ತಾರೆ, ಇದು ನಾಟಕ” ಎಂದುಬಿಡುತ್ತಾರೆ.

3. ಚಿತ್ರದ ಜಾತಿಯನ್ನು ತಿಳಿಯಿರಿ

ಆರಂಭದ ಯುದ್ಧಚಿತ್ರಗಳನ್ನು ಒಂದೇ ಬುಟ್ಟಿಗೆ ಹಾಕುವಂತಿಲ್ಲ. ಸ್ಥಳದಲ್ಲೇ ತೆಗೆದ ವಾರ್ತಾಚಿತ್ರ ಒಂದು ಬಗೆ. ನಡೆದ ಘಟನೆಯನ್ನು ಬೇರೆ ಜಾಗದಲ್ಲಿ ನಟರಿಂದಲೋ ಸೈನಿಕರಿಂದಲೋ ಮತ್ತೆ ಆಡಿಸಿ ತೆಗೆದ ಮರುಸೃಷ್ಟಿ ಇನ್ನೊಂದು. ಮೂರನೆಯದು ಕಥಾಚಿತ್ರ. ತೊಡಕಾಗುವುದು ಮೊದಲೆರಡರ ನಡುವೆ.

1897ರಲ್ಲಿ ಗ್ರೀಸ್ ಮತ್ತು ತುರ್ಕಿಯ ನಡುವೆ ಯುದ್ಧ ನಡೆದಾಗ ಫ್ರೆಡರಿಕ್ ವಿಲಿಯರ್ಸ್ ಎಂಬ ಬ್ರಿಟಿಷ್ ಯುದ್ಧವರದಿಗಾರ ಕ್ಯಾಮೆರಾ ಹೊತ್ತು ರಣರಂಗಕ್ಕೇ ಹೋದ. ಅದೇ ವರ್ಷ ಫ್ರೆಂಚ್ ಚಿತ್ರನಿರ್ಮಾಪಕ ಜಾರ್ಜ್ ಮೆಲಿಯೆಸ್ ಪ್ಯಾರಿಸ್ ಬಳಿಯ ತನ್ನ ಸ್ಟುಡಿಯೋದಲ್ಲಿ ಚಿತ್ರಿಸಿದ ಪರದೆಗಳ ಮುಂದೆ ಅದೇ ಯುದ್ಧದ ನೌಕಾ ಕಾಳಗವನ್ನೂ ಕೋಟೆ ಮುತ್ತಿಗೆಯನ್ನೂ ಆಡಿಸಿದ. ಜನರು ಮೆಚ್ಚಿ ನೋಡಿದ್ದು ಯಾವುದನ್ನು ಎಂದು ಹೇಳಬೇಕಾಗಿಲ್ಲ. ದಕ್ಷಿಣ ಆಫ್ರಿಕಾದಲ್ಲಿ ಬ್ರಿಟಿಷರಿಗೂ ಡಚ್ ಮೂಲದ ಬೋಯರರಿಗೂ ನಡೆದ ಬೋಯರ್ ಯುದ್ಧದಲ್ಲೂ (1899–1902) ಇದೇ ಕಥೆ: ಛಾಯಾಗ್ರಾಹಕ ಡಬ್ಲ್ಯು. ಕೆ. ಎಲ್. ಡಿಕ್ಸನ್ ಗಾಡಿಯ ಮೇಲೆ ಸಾಗಿಸಬೇಕಾದಷ್ಟು ಭಾರವಾದ ಕ್ಯಾಮೆರಾದೊಡನೆ ಅಲ್ಲಿ ಪಡಿಪಾಟಲು ಪಡುತ್ತಿರುವಾಗ, ಇಂಗ್ಲೆಂಡಿನ ಬ್ಲ್ಯಾಕ್‌ಬರ್ನ್‌ನಲ್ಲಿ ಮಿಚೆಲ್ ಮತ್ತು ಕೆನ್ಯನ್ ಸಂಸ್ಥೆಯವರು ತಮ್ಮ ಊರಿನ ಹೊಲಗಳಲ್ಲೇ ಬೋಯರರನ್ನು ಸೃಷ್ಟಿಸಿ ಸೋಲಿಸುತ್ತಿದ್ದರು.

ಇದನ್ನೆಲ್ಲ ಮೋಸವೆಂದು ಒಂದೇ ಮಾತಿನಲ್ಲಿ ತಳ್ಳುವುದು ಸರಿಯಲ್ಲ. ಪತ್ರಿಕೆಗಳಲ್ಲಿ ಕಲಾವಿದರು ಊಹಿಸಿ ಬರೆದ ಯುದ್ಧಚಿತ್ರಗಳನ್ನು ನೋಡಿ ರೂಢಿಯಾಗಿದ್ದ ಜನಕ್ಕೆ ಮರುಸೃಷ್ಟಿಯೂ ಅಂಥದ್ದೇ ಒಂದು ಸಚಿತ್ರ ವರದಿಯಾಗಿತ್ತು. ಕೆಲವರು ‘ಮರುಸೃಷ್ಟಿ’ ಎಂದು ಹೇಳಿಯೇ ಮಾರಿದರು, ಕೆಲವರು ಮುಚ್ಚಿಟ್ಟು ಮಾರಿದರು. ಹೇಳದೆ ಮಾರಿದ್ದನ್ನು ಪತ್ತೆಮಾಡುವುದೇ ನಮ್ಮ ಕೆಲಸ.

4. ಕ್ಯಾಮೆರಾ ಎಲ್ಲಿ ನಿಂತಿದೆ ಎಂದು ಕೇಳಿ

ಉಳಿದೆಲ್ಲ ಹಂತಗಳನ್ನು ಮರೆತರೂ ಇದೊಂದನ್ನು ಮರೆಯಬೇಡಿ. ಛಾಯಾಗ್ರಾಹಕನೂ ಮನುಷ್ಯನೇ. ಮೂರು ಕಾಲಿನ ಸ್ಟ್ಯಾಂಡಿನ ಮೇಲೆ ಭಾರವಾದ ಪೆಟ್ಟಿಗೆಯನ್ನಿಟ್ಟು, ಅದರ ಪಕ್ಕದಲ್ಲಿ ನಿಂತು, ಕೈ ನಿಲ್ಲಿಸದೆ ಹಿಡಿ ತಿರುಗಿಸಬೇಕಾದವನು. ಅವನು ನಿಂತ ಜಾಗದಲ್ಲಿ ಬದುಕಿ ಉಳಿಯುವುದು ಸಾಧ್ಯವಿತ್ತೇ ಎಂಬ ಒಂದೇ ಪ್ರಶ್ನೆಯಿಂದ ಅರ್ಧಕ್ಕರ್ಧ ತುಣುಕುಗಳ ಬಂಡವಾಳ ಬಯಲಾಗುತ್ತದೆ.

ಎಡಿಸನ್ ಕಂಪನಿ 1899ರಲ್ಲಿ ಹೊರತಂದ, ಫಿಲಿಪಿನೋ ಸೈನಿಕರು ಕಂದಕದಿಂದ ಹಿಮ್ಮೆಟ್ಟುವ ಚಿತ್ರವನ್ನು ತೆಗೆದುಕೊಳ್ಳಿ. ಕ್ಯಾಮೆರಾ ಕದಲುವುದಿಲ್ಲ. ಮೊದಲು ಫಿಲಿಪಿನೋಗಳು ಕಂದಕದಲ್ಲಿ ನಿಂತು ಗುಂಡು ಹಾರಿಸುತ್ತಾರೆ, ಬಳಿಕ ಸತ್ತವರನ್ನು ಬಿಟ್ಟು ಓಡುತ್ತಾರೆ, ಅದೇ ಚೌಕಟ್ಟಿಗೆ ಅಮೆರಿಕನ್ನರು ನುಗ್ಗಿ ಧ್ವಜ ಬೀಸುತ್ತಾರೆ. ಹಾಗಾದರೆ ಅಮೆರಿಕದ ಛಾಯಾಗ್ರಾಹಕ ಕಾಳಗ ಆರಂಭವಾಗುವ ಮೊದಲೇ ಶತ್ರುವಿನ ಕಂದಕದ ಬಳಿ ಸ್ಟ್ಯಾಂಡು ಹೂಡಿಕೊಂಡು ಕಾಯುತ್ತಿದ್ದನೇ? ಈ ಚಿತ್ರ ತಯಾರಾದದ್ದು ನ್ಯೂಜೆರ್ಸಿಯಲ್ಲಿ.

ಈಗ ಸೊಮ್‌ಗೆ ಬನ್ನಿ. ಜೆಫ್ರಿ ಮಾಲಿನ್ಸ್ ಮತ್ತು ಜಾನ್ ಮೆಕ್‌ಡವೆಲ್ ಎಂಬ ಇಬ್ಬರು ಅಧಿಕೃತ ಛಾಯಾಗ್ರಾಹಕರು ಫ್ರಾನ್ಸಿನ ಸೊಮ್ ನದಿಯ ಸೀಮೆಯಲ್ಲಿ ತೆಗೆದ ಈ ಚಿತ್ರ 1916ರ ಆಗಸ್ಟಿನಲ್ಲಿ, ಯುದ್ಧ ಇನ್ನೂ ನಡೆಯುತ್ತಿರುವಾಗಲೇ ತೆರೆಗೆ ಬಂತು. ಮೊದಲ ಆರು ವಾರಗಳಲ್ಲಿ ಬ್ರಿಟನ್ನಿನಲ್ಲಿ ಸುಮಾರು 2 ಕೋಟಿ ಟಿಕೆಟ್ ಖರ್ಚಾದವು ಎಂಬ ಅಂದಾಜಿದೆ. ಇದರಲ್ಲಿ ಎಲ್ಲರ ನೆನಪಿನಲ್ಲಿ ಉಳಿಯುವ ದೃಶ್ಯವೆಂದರೆ ಸೈನಿಕರು ಕಂದಕದಿಂದ ಮೇಲೇರಿ ದಾಳಿಗೆ ಹೊರಡುವುದು. ಒಬ್ಬ ಏರುತ್ತಿರುವಂತೆಯೇ ಗುಂಡು ತಗುಲಿದವನಂತೆ ಹಿಂದಕ್ಕೆ ಜಾರುತ್ತಾನೆ. ಮುಂದಿನ ದೃಶ್ಯದಲ್ಲಿ ಹೊಗೆಯೊಳಗೆ ಮುಳ್ಳುತಂತಿ ದಾಟುತ್ತಿರುವವರಲ್ಲಿ ಇಬ್ಬರು ಉರುಳುತ್ತಾರೆ.

ಈ ಎರಡು ದೃಶ್ಯಗಳನ್ನು ಫ್ರೇಮು ಫ್ರೇಮಾಗಿ ನೋಡಿ. ಕಂದಕ ಆಳವಿಲ್ಲ. ಹೊರಟವರ ಬೆನ್ನಿನ ಮೇಲೆ ಯುದ್ಧದ ಮೊದಲ ದಿನದ ದಾಳಿಗೆ ಹೊತ್ತೊಯ್ದಂಥ ಭಾರವಾದ ಸರಂಜಾಮು ಇಲ್ಲ. ಉರುಳಿದವರಲ್ಲೊಬ್ಬ ‘ಸತ್ತ’ ಮೇಲೂ ಕಾಲನ್ನು ಅನುಕೂಲವಾಗಿ ಸರಿಪಡಿಸಿಕೊಳ್ಳುತ್ತಾನೆ. ಎಲ್ಲಕ್ಕಿಂತ ಮಿಗಿಲಾಗಿ, ಕ್ಯಾಮೆರಾ ಎದುರಾಳಿಯ ಗುಂಡಿಗೆ ನೇರವಾಗಿ ತೆರೆದುಕೊಂಡಿರಬೇಕಾದ ಎತ್ತರದಲ್ಲಿ ನೆಮ್ಮದಿಯಾಗಿ ನಿಂತಿದೆ. ಈ ದೃಶ್ಯಗಳನ್ನು ಯುದ್ಧರೇಖೆಯ ಹಿಂದಿನ ತರಬೇತಿ ಸ್ಥಳದಲ್ಲಿ ಹೂಡಿ ತೆಗೆದರೆಂಬುದು ಇಂದು ಸಂಶೋಧಕರು ಒಪ್ಪಿದ ಮಾತು.

ಇನ್ನು ಅದೇ ಚಿತ್ರದಲ್ಲಿರುವ ನಿಜದಾಳಿಯನ್ನು ಹುಡುಕಿ. ಯುದ್ಧದ ಮೊದಲ ದಿನವಾದ 1916ರ ಜುಲೈ 1ರ ಬೆಳಿಗ್ಗೆ 7.20ಕ್ಕೆ, ದಾಳಿಗೆ ಹತ್ತು ನಿಮಿಷ ಮೊದಲು, ಬೋಮಾಂಟ್ ಹ್ಯಾಮೆಲ್ ಬಳಿಯ ಹಾಥಾರ್ನ್ ದಿಬ್ಬದ ಅಡಿಯಲ್ಲಿ ಹೂತಿಟ್ಟಿದ್ದ ಭಾರೀ ಸಿಡಿಮದ್ದು ಸ್ಫೋಟಿಸಿತು. ಮಾಲಿನ್ಸ್ ದೂರದಿಂದ ಕ್ಯಾಮೆರಾ ಗುರಿಯಿಟ್ಟು ಅದನ್ನು ಹಿಡಿದ. ಹಿಡಿ ತಿರುಗಿಸಲು ಮೊದಲೇ ಆರಂಭಿಸಿದ್ದರಿಂದ, ಸ್ಫೋಟಕ್ಕೆ ಮುನ್ನವೇ ಪಟ್ಟಿ ಮುಗಿದುಹೋದೀತೆಂದು ಅವನಿಗೆ ಕಳವಳವಾಗಿತ್ತು. ಭೂಮಿ ಉಬ್ಬಿ ಕಪ್ಪು ಮಣ್ಣು ಆಕಾಶಕ್ಕೆ ಚಿಮ್ಮುವ ಆ ದೃಶ್ಯದ ಜೊತೆಗೆ ಬರುವ ದೂರದ ನೋಟಗಳಲ್ಲಿ ಇಳಿಜಾರಿನ ಮೇಲೆ ಏನೋ ಚುಕ್ಕೆಗಳು ಚಲಿಸುತ್ತವೆ, ಬಟ್ಟೆಯ ಮೇಲೆ ಎಳ್ಳು ಚೆಲ್ಲಿದ ಹಾಗೆ. ಅವರೇ ನಿಜವಾಗಿ ದಾಳಿಗೆ ಹೊರಟ ಸೈನಿಕರು. ಆ ಒಂದೇ ದಿನ ಬ್ರಿಟಿಷ್ ಸೈನ್ಯದಲ್ಲಿ ಸತ್ತವರು, ಗಾಯಗೊಂಡವರು, ಕಾಣೆಯಾದವರು ಸೇರಿ 57,000ಕ್ಕೂ ಹೆಚ್ಚು ಮಂದಿ. ಸತ್ತವರೇ 19,000ಕ್ಕೂ ಮೇಲೆ. ಆದರೆ ಪರದೆಯ ಮೇಲೆ ಆ ಚುಕ್ಕೆಗಳಲ್ಲಿ ಯಾರು ಬಿದ್ದರು, ಯಾರು ಎದ್ದರು ಎಂಬುದು ತಿಳಿಯುವುದೇ ಇಲ್ಲ.

ಇದರಿಂದ ಹೊರಡುವ ಸೂತ್ರ ಇಷ್ಟು: ಸಾಯುವವನು ಎಷ್ಟು ಹತ್ತಿರದಲ್ಲಿ, ಎಷ್ಟು ಸ್ಪಷ್ಟವಾಗಿ, ಚೌಕಟ್ಟಿನ ಎಷ್ಟು ನಡುವೆ ಬೀಳುತ್ತಾನೋ ಅಷ್ಟು ಅನುಮಾನಪಡಿ.

ಎಚ್ಚರಿಕೆ: ಹತ್ತಿರದ ದೃಶ್ಯಗಳೆಲ್ಲ ಸುಳ್ಳೆಂಬ ಇನ್ನೊಂದು ತುದಿಗೂ ಹೋಗಬೇಡಿ. ಇದೇ ಚಿತ್ರದಲ್ಲಿ ಲ್ಯಾಂಕಾಶೈರ್ ಫ್ಯುಸಿಲಿಯರ್ಸ್ ಪಡೆಯವರು ಎರಡು ಸೈನ್ಯಗಳ ನಡುವಿನ ತಗ್ಗು ದಾರಿಯೊಂದರಲ್ಲಿ ದಾಳಿಯ ಗಳಿಗೆಗಾಗಿ ಕಾದು ಕುಳಿತಿರುವ ದೃಶ್ಯವಿದೆ. ಕ್ಯಾಮೆರಾ ಅವರ ಮಗ್ಗುಲಲ್ಲೇ ಇದೆ, ದೃಶ್ಯವೂ ನಿಜ. ದಾರಿ ತಗ್ಗಿನಲ್ಲಿದ್ದುದರಿಂದ ಛಾಯಾಗ್ರಾಹಕನಿಗೂ ಮರೆ ಸಿಕ್ಕಿತ್ತು. ಅವರ ಮುಖಗಳನ್ನು ಒಂದು ಕ್ಷಣ ನಿಲ್ಲಿಸಿ ನೋಡಿ: ಒಂದಿಬ್ಬರು ಕ್ಯಾಮೆರಾದತ್ತ ನಗುತ್ತಾರೆ, ಹಲವರು ನಗುವುದಿಲ್ಲ.

5. ಉಡುಪು ಮತ್ತು ಆಯುಧಗಳಿಂದ ಕಾಲವನ್ನು ತಾಳೆ ನೋಡಿ

ತುಣುಕಿನ ಮೇಲೆ ಯಾರೋ ಬರೆದ ಇಸವಿಯನ್ನು ನಂಬುವ ಮೊದಲು ತಲೆಯ ಮೇಲೇನಿದೆ ನೋಡಿ. 1914ರಲ್ಲಿ ಬ್ರಿಟಿಷ್ ಸೈನಿಕರು ಬಟ್ಟೆಯ ಟೋಪಿ ಹಾಕಿಕೊಂಡೇ ಹೋರಾಡಿದರು. ಬೋಗುಣಿ ಆಕಾರದ ಉಕ್ಕಿನ ಶಿರಸ್ತ್ರಾಣ ಅವರಿಗೆ ಬರತೊಡಗಿದ್ದು 1915ರ ಕೊನೆಯ ಭಾಗದಲ್ಲಿ, ಎಲ್ಲರಿಗೂ ದೊರೆತದ್ದು 1916ರಲ್ಲಿ. ಜರ್ಮನರ ಮೊನೆಯುಳ್ಳ ಚರ್ಮದ ಶಿರಸ್ತ್ರಾಣ ಹಿಂದೆ ಸರಿದು ಕಿವಿ ಮುಚ್ಚುವ ಉಕ್ಕಿನದು ಬಂದದ್ದೂ 1916ರಲ್ಲಿಯೇ. ಟ್ಯಾಂಕು ಮೊದಲು ಕಾಳಗಕ್ಕಿಳಿದದ್ದು 1916ರ ಸೆಪ್ಟೆಂಬರ್ 15ರಂದು. ಆದ್ದರಿಂದ ‘ಸೊಮ್ ಯುದ್ಧದ ಮೊದಲ ದಿನ’ ಎಂಬ ಹೆಸರಿನ ತುಣುಕಿನಲ್ಲಿ ಟ್ಯಾಂಕು ಉರುಳಿದರೆ ಅಲ್ಲಿಗೆ ವಿಚಾರಣೆ ಮುಗಿಯಿತು. ಅದು ಬಹುಶಃ 1917ರ ಆರಂಭದಲ್ಲಿ ಬಿಡುಗಡೆಯಾದ, ಆಂಕರ್ ಕಾಳಗವನ್ನು ಕುರಿತ ಮುಂದಿನ ಚಿತ್ರದಿಂದ ಕತ್ತರಿಸಿದ್ದಾಗಿರುತ್ತದೆ.

ಹೊಗೆಯೂ ಸುಳಿವು ಕೊಡುತ್ತದೆ. 1890ರ ದಶಕದ ಹೊತ್ತಿಗೆ ದೊಡ್ಡ ಸೈನ್ಯಗಳು ಹೊಗೆಯಿಲ್ಲದ ಮದ್ದಿಗೆ ಬದಲಾಗಿದ್ದವು. ಬೋಯರ್ ಯುದ್ಧದ್ದೆನ್ನುವ ತುಣುಕಿನಲ್ಲಿ ಪ್ರತಿ ಬಂದೂಕಿನಿಂದಲೂ ಬಿಳಿ ಹೊಗೆಯ ಉಂಡೆ ಹೊರಟರೆ ಅವು ನಾಟಕಕ್ಕೆ ತಂದ ಕರಿಮದ್ದಿನ ತೋಟಾಗಳು ಎಂದು ಶಂಕಿಸಬಹುದು. ಆದರೆ 1898ರಲ್ಲಿ ಸ್ಪೇನಿನ ವಿರುದ್ಧದ ಯುದ್ಧಕ್ಕೆ ಅಮೆರಿಕದ ಸ್ವಯಂಸೇವಕ ಪಡೆಗಳು ಹಳೆಯ ಕರಿಮದ್ದಿನ ಸ್ಪ್ರಿಂಗ್‌ಫೀಲ್ಡ್ ಬಂದೂಕುಗಳನ್ನೇ ಒಯ್ದಿದ್ದವು. ಅಲ್ಲಿ ಈ ಪರೀಕ್ಷೆ ಕೈಕೊಡುತ್ತದೆ.

ಚಿತ್ರ ಎಡಬಲ ತಿರುವುಮುರುವಾಗಿಲ್ಲವೇ ಎಂಬುದನ್ನೂ ನೋಡಿಕೊಳ್ಳಿ. ಬ್ರಿಟಿಷರ ಲೀ-ಎನ್‌ಫೀಲ್ಡ್ ಬಂದೂಕಿನ ಬೋಲ್ಟಿನ ಹಿಡಿ ಬಲಬದಿಯಲ್ಲಿರುತ್ತದೆ. ಎಲ್ಲರ ಬಂದೂಕಿನಲ್ಲೂ ಅದು ಎಡಕ್ಕೆ ಕಂಡರೆ ಪಟ್ಟಿಯನ್ನು ಮಗುಚಿ ಪ್ರತಿ ಮಾಡಿದ್ದಾರೆ.

6. ನೆರಳು ನೋಡಿ, ಆಕಾಶವನ್ನು ನಂಬಬೇಡಿ

ನಸುಕಿನ ದಾಳಿ ಎಂದು ಹೇಳಿರುವ ದೃಶ್ಯದಲ್ಲಿ ನೆರಳು ಕಾಲಬುಡದಲ್ಲೇ ಇದ್ದರೆ ಅದು ನಡುಹಗಲು. ಬೋಮಾಂಟ್ ಹ್ಯಾಮೆಲ್ ಬಳಿ ಬ್ರಿಟಿಷರು ಬೆಳಿಗ್ಗೆ 7.30ಕ್ಕೆ ಪೂರ್ವಕ್ಕೆ ಮುಖಮಾಡಿ ಹೊರಟರು, ಆದ್ದರಿಂದ ಅವರ ಉದ್ದನೆಯ ನೆರಳು ಬೆನ್ನ ಹಿಂದೆ ಬೀಳಬೇಕು. ಆಕಾಶದಿಂದ ಮಾತ್ರ ಏನನ್ನೂ ನಿರ್ಧರಿಸಬೇಡಿ. ಅಂದಿನ ಫಿಲ್ಮಿಗೆ ಕೆಂಪು ಬಣ್ಣ ಹಿಡಿಯುವ ಶಕ್ತಿಯಿರಲಿಲ್ಲ, ನೀಲಿಯನ್ನು ಅತಿಯಾಗಿ ಹಿಡಿಯುತ್ತಿತ್ತು. ಹಾಗಾಗಿ ಶುಭ್ರವಾದ ನೀಲಿ ಆಕಾಶವೂ ಮೋಡ ಕವಿದಂತೆ ಬೆಳ್ಳಗೆ ಕಾಣುತ್ತದೆ. ರಕ್ತ ಕಪ್ಪಗಾಗಿ ಕೆಸರಿನೊಡನೆ ಬೆರೆತುಹೋಗುತ್ತದೆ.

7. ಶೀರ್ಷಿಕೆ ಫಲಕಗಳನ್ನು ಕೊನೆಯಲ್ಲಿ ಓದಿ

ದೃಶ್ಯಗಳ ನಡುವೆ ಬರುವ ಅಕ್ಷರಗಳ ಫಲಕಕ್ಕೆ ಶೀರ್ಷಿಕೆ ಫಲಕ ಎನ್ನೋಣ. ಮೊದಲ ಸಲ ನೋಡುವಾಗ ಅವನ್ನು ಹಾರಿಸಿ, ಕಂಡದ್ದನ್ನಷ್ಟೇ ಬರೆದುಕೊಳ್ಳಿ. ಆಮೇಲೆ ಫಲಕವನ್ನು ಓದಿ ತಾಳೆ ಹಾಕಿ. ಏಕೆಂದರೆ ಫಲಕ ಬರೆದವನು ಛಾಯಾಗ್ರಾಹಕನಲ್ಲ, ಊರಿನಲ್ಲಿ ಕುಳಿತ ಸಂಪಾದಕ. ಅವನ ಮೇಲೆ ಸೈನ್ಯದ ಪರಿಶೀಲನೆಯೂ ಇತ್ತು. ತರಬೇತಿಯ ಫಿರಂಗಿ ದೃಶ್ಯಕ್ಕೆ ಕಾಳಗದ ಫಲಕ ಅಂಟಿಸಿದರೆ ನೋಡುಗನಿಗೆ ಕಾಳಗವೇ ಕಾಣುತ್ತದೆ. ಜರ್ಮನರು 1917ರಲ್ಲಿ ಈ ಬ್ರಿಟಿಷ್ ಚಿತ್ರಕ್ಕೆ ಉತ್ತರವೆಂಬಂತೆ ಸೊಮ್‌ನ ತಮ್ಮ ವೀರರ ಬಗ್ಗೆ ಚಿತ್ರವೊಂದನ್ನು ತೆರೆಗೆ ತಂದಾಗಲೂ ಯುದ್ಧರೇಖೆಯ ಹಿಂದೆ ಆಡಿಸಿದ ದೃಶ್ಯಗಳನ್ನು ಬೆರೆಸಿದ್ದರು.

8. ಕಥಾಚಿತ್ರಗಳನ್ನು ಬೇರೆಯಾಗಿಯೇ ಇಡಿ

ಅಂತರ್ಜಾಲದಲ್ಲಿ ‘ನಿಜ’ವೆಂದು ಹರಿದಾಡುವ ಸೊಗಸಾದ ದೃಶ್ಯಗಳಲ್ಲಿ ಕೆಲವು 1920ರ ದಶಕದ ದೊಡ್ಡ ಕಥಾಚಿತ್ರಗಳಿಂದ ಕಿತ್ತವು. ಕಾಡಿನೊಳಗೆ ಸೈನಿಕರು ಒಂದೇ ಲಯದಲ್ಲಿ ನಿಧಾನವಾಗಿ ಹೆಜ್ಜೆಯಿಟ್ಟು ನಡೆಯುತ್ತ, ನಡುನಡುವೆ ಒಬ್ಬೊಬ್ಬರೇ ಕುಸಿಯುತ್ತಿದ್ದರೆ ಅದು ಕಿಂಗ್ ವಿಡೊರ್‌ನ 1925ರ ‘ದಿ ಬಿಗ್ ಪೆರೇಡ್’ ಇರಬಹುದು. ಆ ಲಯಕ್ಕಾಗಿ ಅವನು ಮೆಟ್ರೊನೋಮ್ ಎಂಬ ತಾಳಯಂತ್ರವನ್ನು ಬಳಸಿದ. ವಿಮಾನಗಳ ಕಾಳಗ ಕಣ್ಣಿಗೆ ಕಟ್ಟುವಂತಿದ್ದರೆ ಟೆಕ್ಸಾಸ್‌ನಲ್ಲಿ ಚಿತ್ರೀಕರಿಸಿದ 1927ರ ‘ವಿಂಗ್ಸ್’ ಅನ್ನು ಒಮ್ಮೆ ನೋಡಿ. ಗುರುತಿಸುವ ಸುಲಭ ಉಪಾಯವೆಂದರೆ ಕತ್ತರಿ: ಗುಂಡು ಹಾರಿಸುವವನು, ಗುಂಡು ತಗುಲಿದವನು, ಮತ್ತೆ ಹಾರಿಸಿದವನ ಮುಖ ಎಂದು ದೃಶ್ಯ ಆಚೆ ಈಚೆ ಜಿಗಿದರೆ ಎರಡು ಪಕ್ಷದಲ್ಲೂ ಕ್ಯಾಮೆರಾ ಇತ್ತೆಂದಾಯಿತು.

ಇಲ್ಲೊಂದು ತೊಡಕಿನ ಚಿತ್ರವಿದೆ. ಆಬೆಲ್ ಗಾನ್ಸ್ 1919ರ ‘ಜಾಕ್ಯೂಸ್’ನಲ್ಲಿ ಸತ್ತ ಸೈನಿಕರು ಎದ್ದು ಬರುವ ದೃಶ್ಯಕ್ಕೆ ಯುದ್ಧರಂಗದಿಂದ ರಜೆಯ ಮೇಲೆ ಬಂದಿದ್ದ ಸೈನಿಕರನ್ನೇ ನಿಲ್ಲಿಸಿದ. ಚಿತ್ರೀಕರಣ ಮುಗಿಸಿ ರಣರಂಗಕ್ಕೆ ಮರಳಿದವರಲ್ಲಿ ಅನೇಕರು ಮಡಿದರು. ದೃಶ್ಯ ಕಲ್ಪಿತ, ಅದರೊಳಗಿನ ಮುಖಗಳು ಸಾಕ್ಷ್ಯ. ನೋಟ್‌ಪುಸ್ತಕದಲ್ಲಿ ‘ನಿಜ’, ‘ನಟನೆ’ ಎಂಬ ಎರಡೇ ಕಲಂ ಹಾಕಿದ್ದರೆ ಮೂರನೆಯದನ್ನೂ ಹಾಕಿಕೊಳ್ಳಿ.

9. ಭಾರತೀಯ ಸೈನಿಕರು ಕಂಡಾಗ

ನಮ್ಮ ಓದುಗರು ಹೆಚ್ಚಾಗಿ ಕೇಳುವುದು ಇದನ್ನೇ, ಆದರೆ ಮೇಲಿನ ಹಂತಗಳನ್ನು ದಾಟಿಯೇ ಇಲ್ಲಿಗೆ ಬರಬೇಕು. ಪೇಟ ಸುತ್ತಿದ ಸೈನಿಕರ ತುಣುಕು ಸಿಕ್ಕರೆ ಮೊದಲು ಸ್ಥಳ ಮತ್ತು ಇಸವಿಯನ್ನು ತಾಳೆ ನೋಡಿ. ಭಾರತೀಯ ಪಡೆಗಳು ಫ್ರಾನ್ಸಿನ ಮಾರ್ಸೇಲ್ಸ್ ಬಂದರಿನಲ್ಲಿ ಇಳಿದದ್ದು 1914ರ ಸೆಪ್ಟೆಂಬರ್ ಕೊನೆಯಲ್ಲಿ. ಪದಾತಿದಳದ ಬಹುಭಾಗ 1915ರ ಕೊನೆಗೆ ಅಲ್ಲಿಂದ ಮೆಸೊಪೊಟೇಮಿಯಾದ (ಇಂದಿನ ಇರಾಕ್) ಕಡೆಗೆ ಹೊರಟಿತು. ಅಶ್ವದಳಗಳು 1918ರ ಆರಂಭದವರೆಗೂ ಉಳಿದವು. ಹಾಗಾಗಿ ‘ಫ್ರಾನ್ಸ್, 1917’ ಎಂಬ ಫಲಕದಡಿ ಭಾರತೀಯ ಕುದುರೆ ಸವಾರರಿದ್ದರೆ ಹೊಂದುತ್ತದೆ, ದೊಡ್ಡ ಪದಾತಿದಳ ದಾಳಿ ಮಾಡುತ್ತಿದ್ದರೆ ಹೊಂದುವುದಿಲ್ಲ. ಭಾರತೀಯ ಪಡೆಗಳ ಬಗ್ಗೆ ಆಗ ತೆಗೆದ ಅಧಿಕೃತ ಚಿತ್ರಗಳಲ್ಲಿ ಕಾಣುವುದು ಹೆಚ್ಚಾಗಿ ಕವಾಯತು, ಕುದುರೆಗಳ ಆರೈಕೆ, ಬಿಡಾರ, ಮಾರ್ಗಕ್ರಮಣ, ಕಾಳಗ ಅಪರೂಪ.

ಮೈಸೂರು ಲ್ಯಾನ್ಸರ್ಸ್ ಅಶ್ವದಳದ ಹೈಫಾ ದಾಳಿಯ ‘ಅಸಲಿ ವಿಡಿಯೋ’ ಎಂದು ಯಾರಾದರೂ ಕಳುಹಿಸಿದರೆ ನಾಲ್ಕನೆಯ ಹಂತದ ಪ್ರಶ್ನೆಯನ್ನೇ ಕೇಳಿ. 1918ರ ಸೆಪ್ಟೆಂಬರ್ 23ರಂದು ಜೋಧಪುರದ ಸವಾರರು ಊರಿನತ್ತ ನುಗ್ಗುತ್ತಿರುವಾಗ ಮೈಸೂರಿನವರು ಕಾರ್ಮೆಲ್ ಬೆಟ್ಟದ ಇಳಿಜಾರಿನ ಮೇಲಿದ್ದ ಫಿರಂಗಿ, ಮೆಷಿನ್‌ಗನ್ನುಗಳ ಮೇಲೆ ಬಿದ್ದರು. ಆ ಓಟವನ್ನು ಮುಂದಿನಿಂದ, ಕುದುರೆಗಳ ಮುಖ ಕಾಣುವಂತೆ ತೆಗೆಯಬೇಕಾದರೆ ಕ್ಯಾಮೆರಾ ತುರ್ಕರ ಫಿರಂಗಿಯ ಪಕ್ಕದಲ್ಲಿರಬೇಕಾಗಿತ್ತು. ಈಟಿ ಹಿಡಿದ ಸವಾರರು ಪರದೆ ತುಂಬಿಕೊಂಡು ಎದುರಿಗೆ ಬರುತ್ತಿದ್ದರೆ, ಸದ್ದೂ ಜೊತೆಗಿದ್ದರೆ, ಅದು ಯಾವುದೋ ಕಥಾಚಿತ್ರದ ತುಣುಕೆಂದು ತಿಳಿದು ಎಂಟನೆಯ ಹಂತಕ್ಕೆ ಹಿಂತಿರುಗಿ. ಬದಲಿಗೆ, ಸವಾರರು ಸಾಲಾಗಿ ನಿಧಾನವಾಗಿ ಬೀದಿಯಲ್ಲಿ ಸಾಗುತ್ತಿರುವ ಸಪ್ಪೆ ತುಣುಕೇನಾದರೂ ಸಿಕ್ಕರೆ ಅದನ್ನು ಬಿಸಾಡಬೇಡಿ. ಪೇಟ ಕಟ್ಟಿದ ರೀತಿ, ಭುಜದ ಪಟ್ಟಿ, ಈಟಿಯ ತುದಿಯ ಬಾವುಟ, ಹಿನ್ನೆಲೆಯ ಕಟ್ಟಡ ಇವುಗಳ ಫ್ರೇಮುಗಳನ್ನು ಬೇರೆಯಾಗಿ ಉಳಿಸಿಕೊಂಡು, ತುಣುಕಿನ ಮೂಲ ಯಾವ ಸಂಗ್ರಹಾಗಾರದ್ದು, ಅದರ ಕ್ರಮಸಂಖ್ಯೆ ಏನು ಎಂಬುದನ್ನು ಕಳುಹಿಸಿದವರಿಂದ ಕೇಳಿ ಪಡೆಯಿರಿ.